ಎರಡನೆಯ ಮಹಡಿಯ ಶರಣು

ಕಳೆದ ತಿಂಗಳು ಬೇಗಂಪೇಟೆಯಿಂದ ಒಂದು ಊಟದ ಆರ್ಡರು ಬಂತು. ಯಾರೋ ನಿವೃತ್ತರಾಗುತ್ತಿದ್ದಾರಂತೆ, ಕಚೇರಿಯಲ್ಲೇ ಸಮಾರಂಭವಂತೆ, ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ ಬೇಕಂತೆ. ಫೋನಿನಲ್ಲಿ ವಿಳಾಸ ಬರೆದುಕೊಳ್ಳುವಾಗ ಅದೇ ಕಟ್ಟಡ ಎಂದು ನನಗೆ ಹೊಳೆಯಲಿಲ್ಲ. ಹೊಳೆದಿದ್ದರೆ ಒಲ್ಲೆ ಅಂದುಬಿಡುತ್ತಿದ್ದೆ. ರೈಲು ನಿಲ್ದಾಣ ದಾಟಿ ಆಟೋ ಆ ಗಲ್ಲಿಗೆ ತಿರುಗಿದಾಗಲೇ ಗೊತ್ತಾದದ್ದು. ಅಷ್ಟೊತ್ತಿಗೆ ರೊಟ್ಟಿ ಬುಟ್ಟಿ ತೊಡೆಯ ಮೇಲಿತ್ತು, ಮಳೆ ಸುರಿಯುತ್ತಿತ್ತು, ವಾಪಸು ಹೋಗುವ ಮಾತೇ ಇರಲಿಲ್ಲ. ಒಳಗೆ ಕಾಲಿಟ್ಟೆ. ಫಿನಾಯಿಲ್ ಹಾಕಿ ಒರೆಸಿದ ನೆಲ, ಗೋಡೆಗೆ ಒರಗಿಸಿದ ಒದ್ದೆ ಛತ್ರಿಗಳು, ಮೆಟ್ಟಿಲ ಕೆಳಗೆ ಗಂಟು ಕಟ್ಟಿ ಒಗೆದ ಹಳೆಯ ಫೈಲುಗಳು. ಮೂರರ ವಾಸನೆಯೂ ಕೂಡಿ ಮೂಗಿಗೆ ಬಡಿದದ್ದೇ ತಡ, ನನ್ನ ಬಲ ತೋಳಿನ ಮೇಲೆ ಚನ್ನುವಿನ ತಲೆ ಇದ್ದಂತಾಯಿತು. ಎದುರಿಗೆ ಲಿಫ್ಟಿನ ಬಾಗಿಲು ತೆರೆದಿತ್ತು, ಒಳಗೆ ದೀಪ ಉರಿಯುತ್ತಿತ್ತು. ಈಗ ನಡೀತೈತಿ ಈ ಮುಂಡೇದು, ಅಂದುಕೊಂಡೆ.

ಚನ್ನು ನನ್ನ ಮಗ, ಚನ್ನಬಸವ. ಈ ಕಟ್ಟಡಕ್ಕೆ ಅವನನ್ನು ಎತ್ತಿಕೊಂಡು ಬಂದದ್ದು ಒಂದೇ ಸಲ. ಆದರೂ ಆ ವರ್ಷವನ್ನು ನೆನೆಸಿಕೊಂಡಾಗಲೆಲ್ಲ ಮನಸ್ಸು ಸುತ್ತಿ ಸುತ್ತಿ ಈ ಮೆಟ್ಟಿಲಿಗೇ ಬಂದು ಕೂರುತ್ತದೆ.

ತಾರ್ನಾಕದಲ್ಲಿ ವಿಶ್ವವಿದ್ಯಾಲಯದ ಕಂಪೌಂಡಿಗೆ ಎದುರಾಗಿ ನಮ್ಮದೊಂದು ಖಾನಾವಳಿ ಇದೆ. ಲಿಂಗಸುಗೂರು ಕಡೆಯಿಂದ ಬಂದ ನಮ್ಮಪ್ಪ ಹಾಕಿದ್ದು. ಮುಂದೆ ಊಟದ ಮನೆ, ಹಿಂದೆ ನಾವಿರುವ ಮನೆ. ರಾಯಚೂರು, ಯಾದಗಿರಿಯಿಂದ ಓದಲು ಬಂದ ಹುಡುಗರು, ಭಾನುವಾರವಾದರೆ ಕಟ್ಟಡದ ಕೆಲಸದ ಮೇಸ್ತ್ರಿಗಳು, ತೆಲುಗು ಮಾತಾಡಿ ಮಾತಾಡಿ ನಾಲಿಗೆ ಬೇಸತ್ತ ನಮ್ಮ ಕಡೆಯ ಹಳೆಯ ಗುಮಾಸ್ತರು, ಎಲ್ಲರೂ ರೊಟ್ಟಿಗೆ ಬರುತ್ತಾರೆ. ನಮ್ಮಪ್ಪನದೊಂದು ಕಟ್ಟುನಿಟ್ಟು ಇತ್ತು. ಹೊಸ್ತಿಲು ದಾಟಿ ಬಂದವರು ಯಾರೇ ಇರಲಿ, ಗಲ್ಲಾದ ಮೇಲೆ ಕೂತವನು ಮೊದಲು ಎರಡೂ ಕೈ ಎತ್ತಿ ಶರಣು ಅನ್ನಬೇಕು, ಆಮೇಲೆ ಊಟದ ಮಾತು. ಒಂದು ಕೈ ಎತ್ತಿ ಸಲಾಮು ಹೊಡೆಯುವುದು, ತಲೆ ಅಲ್ಲಾಡಿಸುವುದು ನಡೆಯುತ್ತಿರಲಿಲ್ಲ. "ಹಸ್ಕೊಂಡು ಬಂದವ್ರಿಗೆ ಅರ್ಧ ಶರಣು ಮಾಡಬಾರದು" ಎನ್ನುತ್ತಿದ್ದ.

ಚನ್ನು ನಡೆಯುವುದು ನಿಂತ ಮೇಲೆ ಗಲ್ಲಾ ಅವನದಾಯಿತು. ಅವನಿಗೆ ಸ್ನಾಯು ಸೊರಗುವ ಕಾಯಿಲೆ. ಮೊದಲು ಕಾಲು ಹೋಗುತ್ತವೆ, ಆಮೇಲೆ ಕೈ, ಕೊನೆಗೆ ಉಸಿರು ಎಂದು ಡಾಕ್ಟರು ಗಂಡಹೆಂಡತಿ ಇಬ್ಬರನ್ನೂ ಕೂರಿಸಿಕೊಂಡು ಹೇಳಿದ್ದರು. ಶಾಲೆ ಮುಗಿಸಿ ಗಾಲಿಕುರ್ಚಿಯಲ್ಲಿ ಬಂದು ಗಲ್ಲಾದ ಹಿಂದೆ ಕೂತನೆಂದರೆ ಅವನೇ ಮಾಲೀಕ. "ಶರಣ್ರೀ, ಬರ್ರಿ" ಎಂದು ಕೈ ಮುಗಿಯುವುದು, ಒಳಗೆ ನನಗೆ "ಅಪ್ಪಾ, ನಾಕ್ ರೊಟ್ಟಿ, ಎರಡ್ ಝುಣಕ, ಜಲ್ದಿ!" ಎಂದು ಕೂಗುವುದು, ಪರೀಕ್ಷೆಯಲ್ಲಿ ಫೇಲಾದ ಹುಡುಗರಿಗೆ "ಏನಣ್ಣಾ, ಈ ವರ್ಷಾನೂ ನಮ್ಮ ರೊಟ್ಟಿನ ಏನು?" ಎಂದು ಕಿಚಾಯಿಸುವುದು. ಬಾಯಿ ಬಹಳ ಜೋರು. ಅದು ನನ್ನಿಂದ ಬಂದದ್ದು ಎಂದು ಸುಮಂಗಲಾ ಹೇಳುತ್ತಿದ್ದಳು.

ಸುಮಂಗಲಾ ನನ್ನ ಹೆಂಡತಿ. ಸರ್ಕಾರಿ ಆಸ್ಪತ್ರೆಯಲ್ಲಿ ನರ್ಸು. ಡ್ಯೂಟಿ ಮುಗಿಸಿ ಬಂದವಳೇ ಕೈಗೆ ಎಣ್ಣೆ ಹಚ್ಚಿಕೊಂಡು ಮಗನ ಕೈಕಾಲಿನ ಒಂದೊಂದು ಕೀಲನ್ನೂ ಮಡಿಸಿ ಬಿಡಿಸಿ, ಎಳೆದು, ಉಜ್ಜಿ, ಒಂದು ತಾಸು ಅವನ ಜೊತೆ ಗುದ್ದಾಡುತ್ತಿದ್ದಳು. ನೋವಾದರೆ ಅವನು ಬೈಯುತ್ತಿದ್ದ, ಅವಳೂ ಬೈಯುತ್ತಿದ್ದಳು, ಇಬ್ಬರೂ ನಗುತ್ತಿದ್ದರು. ನಾನೂ ಕಲಿತೆ. ಆದರೆ ರೊಟ್ಟಿ ಬಡಿಯುವ ಕೈ ನನ್ನದು, ಅವನ ಮೊಣಕೈ ಮಡಿಸಬೇಕಾದರೆ ಮುರಿದೀತೆಂಬ ಹೆದರಿಕೆ. "ಅಪ್ಪಾ, ನಾ ಹಿಟ್ಟಲ್ಲೋ" ಎನ್ನುತ್ತಿದ್ದ ಹುಡುಗ.

ಆ ವರ್ಷ ಚಳಿಗಾಲದಲ್ಲಿ ಸರ್ಕಾರದವರು ಹೊಸ ಜಿಲ್ಲೆಗಳ ಲೆಕ್ಕ ಹಿಡಿದು ನೌಕರರನ್ನು ಬೇರೆ ಬೇರೆ ಊರಿಗೆ ಹಂಚಿದರು. ಯಾರ ಪಾಲಿಗೆ ಯಾವ ಊರು ಬರುತ್ತದೋ ಎಂದು ಮನೆಮನೆಯಲ್ಲಿ ಅದೇ ಮಾತು. ಸುಮಂಗಲಾಳ ಪಾಲಿಗೆ ಗೋದಾವರಿ ದಾಟಿದ ಮೇಲೆ ಬರುವ ಒಂದು ಊರು ಬಂತು. ಸಿಕಂದರಾಬಾದಿನಲ್ಲಿ ರೈಲು ಹತ್ತಿದರೆ ಅರ್ಧ ದಿನ ಅದಕ್ಕೇ. ಹದಿನೈದು ದಿನಕ್ಕೊಮ್ಮೆ ಬರುವುದು, ಒಂದು ರಾತ್ರಿ ಇರುವುದು, ಹೋಗುವುದು. ಕೆಲಸ ಬಿಡು ಎಂದು ಹೇಳಲು ನನಗೆ ಬಾಯಿ ಬರಲಿಲ್ಲ, ಬಿಡುತ್ತೇನೆಂದು ಅವಳೂ ಅನ್ನಲಿಲ್ಲ. ಚನ್ನುವಿನ ಔಷಧ, ಆಸ್ಪತ್ರೆ ಎಲ್ಲ ನಡೆಯುತ್ತಿದ್ದದ್ದೇ ಅವಳ ನೌಕರಿಯ ಹೆಲ್ತ್ ಕಾರ್ಡಿನ ಮೇಲೆ.

ಇಂಥ ಮಕ್ಕಳಿರುವ ನೌಕರರಿಗೆ ಊರಿನ ಹತ್ತಿರವೇ ಕೆಲಸ ಕೊಡಬೇಕೆಂದು ಸರ್ಕಾರದ್ದೇ ನಿಯಮವಿತ್ತು. ಅಲ್ಲಿಗೆ ಹೋದ ವಾರದಲ್ಲೇ ಸುಮಂಗಲಾ ವರ್ಗಾವಣೆಗೆ ಅರ್ಜಿ ಹಾಕಿದಳು. ಡಾಕ್ಟರ ಸರ್ಟಿಫಿಕೇಟು, ಮಗನ ಫೋಟೋ, ಎಲ್ಲ ಲಗತ್ತಿಸಿದಳು. ಬೇಸಿಗೆ ಬಂತು, ಹೋಯಿತು. ಉತ್ತರವಿಲ್ಲ. ಕೇಳಿದರೆ ಅರ್ಜಿ ಮೇಲೆ ಹೋಗಿದೆ ಅನ್ನುವರು, ಮೇಲೆ ಹೋಗಿ ಕೇಳಿದರೆ ಕೆಳಗಿನಿಂದ ಬಂದಿಲ್ಲ ಅನ್ನುವರು. ಇಲ್ಲ ಎಂದಾದರೂ ಹೇಳಿದ್ದರೆ ಕೂತು ಅತ್ತು ಸುಮ್ಮನಾಗುತ್ತಿದ್ದೆವು. ಹೂಂ ಇಲ್ಲ, ಉಹೂಂ ಇಲ್ಲ. ಗೋಡೆಯ ಜೊತೆ ಮಾತಾಡಿದ ಹಾಗೆ. ನನಗೆ ರೇಗಿ ರೇಗಿ ಒಲೆಯ ಮುಂದೆ ಒಬ್ಬನೇ ಬೈದುಕೊಳ್ಳುವುದು ಚಟವಾಯಿತು.

ಆಷಾಢದಲ್ಲಿ ಅಮ್ಮನವರ ಹಬ್ಬ ಬೋನಾಲು ಬಂತು. ನಮ್ಮ ಬೀದಿಯಲ್ಲಿ ಡಪ್ಪು ಬಾರಿಸಿಕೊಂಡು ಹೆಣ್ಣುಮಕ್ಕಳು ತಲೆಯ ಮೇಲೆ ಎಡೆಯ ಗಡಿಗೆ, ಬೋನ, ಹೊತ್ತು ಹೋಗುತ್ತಿದ್ದರು. ಖಾನಾವಳಿ ತುಂಬಿತ್ತು. ನಮ್ಮ ಕಡೆಯ ಒಬ್ಬ ಮುದುಕ ಮೇಸ್ತ್ರಿ ಒದ್ದೆಯಾಗಿ ಒಳಗೆ ಬಂದ. ಚನ್ನು "ಶರಣ್ರೀ" ಎಂದ. ಕೈ ಗಲ್ಲಾದ ಹಲಗೆಯಿಂದ ಮೇಲೇಳಲಿಲ್ಲ. ಭುಜವನ್ನು ಒಂದು ಕಡೆಗೆ ವಾಲಿಸಿದ, ಕತ್ತು ಬಗ್ಗಿಸಿದ, ಇನ್ನೊಮ್ಮೆ ಪ್ರಯತ್ನಿಸಿದ. ಬೆರಳು ಮಾತ್ರ ಅಲ್ಲಾಡಿದವು. ಮೇಸ್ತ್ರಿ ಪಾಪ, ಅದನ್ನೇನೂ ಗಮನಿಸದೆ ಹೋಗಿ ಊಟಕ್ಕೆ ಕೂತ. ನಾನು ಒಳಗಿನಿಂದ ನೋಡುತ್ತಿದ್ದೆ. ಬೇಯಲು ಹಾಕಿದ್ದ ರೊಟ್ಟಿ ಹೆಂಚಿನ ಮೇಲೆ ಸೀದು ಕರಕಾಯಿತು. ಡಾಕ್ಟರು ಹೇಳಿದ ಎರಡನೆಯ ಮಾತು ನಮ್ಮ ಮನೆಯೊಳಗೆ ಬಂದಿತ್ತು.

ಹುಡುಗ ಅಷ್ಟಕ್ಕೇ ಸೋಲುವವನಲ್ಲ. ಒಂದು ಉಪಾಯ ಕಂಡುಕೊಂಡ. ಬೆರಳುಗಳನ್ನು ಅಂಗಿಯ ಕೆಳಗಿನ ಗುಂಡಿಗೆ ಸಿಕ್ಕಿಸುವುದು, ಅಲ್ಲಿಂದ ಮೇಲಿನ ಗುಂಡಿಗೆ ದಾಟಿಸುವುದು, ಅಲ್ಲಿಂದ ಇನ್ನೊಂದಕ್ಕೆ. ಹೀಗೆ ಎರಡೂ ಕೈ ಎದೆಯವರೆಗೆ ಹತ್ತಿಸಿ ಜೋಡಿಸಿಬಿಟ್ಟರೆ ಶರಣು. ಅಷ್ಟರಲ್ಲಿ ಗಿರಾಕಿ ಕೂತು ಎರಡು ತುತ್ತು ಉಂಡಿರುತ್ತಿದ್ದ. ಆದರೂ ಅವನ ಕಡೆ ತಿರುಗಿ "ಶರಣ್ರೀ, ಲೇಟ್ ಆತು" ಎನ್ನುತ್ತಿದ್ದ. ಊಟ ಮಾಡುತ್ತಿದ್ದವರು ಎಂಜಲುಗೈಯಲ್ಲೇ ಎದ್ದು ನಿಂತು ಶರಣು ಶರಣಾರ್ಥಿ ಅನ್ನುತ್ತಿದ್ದರು.

ಓದಲು ಬಂದ ಹುಡುಗರ ನಡುವೆ ಮಂಜುಳಾ ಎಂಬ ಮಾನ್ವಿ ಕಡೆಯ ಹುಡುಗಿ ಇದ್ದಳು. ನಮ್ಮಲ್ಲೇ ಉಂಡು ಕಾನೂನು ಓದಿ, ಆಗಷ್ಟೇ ಮೂಸಿ ದಂಡೆಯ ಹೈಕೋರ್ಟಿಗೆ ಕರಿಕೋಟು ಹಾಕಿಕೊಂಡು ಹೋಗತೊಡಗಿದ್ದಳು. ಒಂದು ದಿನ ಚನ್ನುವಿನ ಕೈ ಗುಂಡಿ ಹತ್ತುವುದನ್ನು ನೋಡಿ ತಟ್ಟೆ ಬಿಟ್ಟು ಒಳಗೆ ಬಂದಳು.

"ಕಾಕಾ, ಕಾಕಿ ಅರ್ಜಿ ಏನಾತು?"

"ಏನಾಗತೈತವ್ವಾ, ಕೂತೈತಿ ಎಲ್ಲೋ, ಗೆದ್ಲ ತಿನ್ಕೋಂತ."

"ನನಗ ಕಾಗದ ಕೊಡ್ರಿ. ಕೋರ್ಟಿಗೆ ಹಾಕ್ತೀನಿ. ಒಂದು ರೂಪಾಯಿನೂ ಬ್ಯಾಡ, ಬರೇ ರೊಟ್ಟಿ ಹಾಕ್ರಿ ಸಾಕು."

ಶ್ರಾವಣದಲ್ಲಿ ಕೋರ್ಟಿನ ಆದೇಶ ಬಂತು. ಆರು ವಾರದೊಳಗೆ ಈ ನರ್ಸಿನ ಅರ್ಜಿಯನ್ನು ಪರಿಗಣಿಸಿ, ಅವರ ಮಾತು ಕೇಳಿ, ಕಾರಣ ಬರೆದು ತೀರ್ಮಾನ ತಿಳಿಸಬೇಕು ಎಂದು. ಹುಡುಗರೆಲ್ಲ ಕೂಡಿ ಚಪ್ಪಾಳೆ ಹೊಡೆದರು. ನಾನು ಹೋಳಿಗೆ ಮಾಡಿ ಹಾಕಿದೆ. ಗೋದಾವರಿ ಆಚೆಯಿಂದ ಸುಮಂಗಲಾ ಫೋನಿನಲ್ಲಿ ಅಳುತ್ತ ನಗುತ್ತ, "ಏನ್ರಿ, ನನ್ನ ಕಪಾಟು ಖಾಲಿ ಮಾಡಿ ಇಡ್ರಿ, ಅದ್ರಾಗ ನಿಮ್ಮ ಮಸಾಲಿ ಡಬ್ಬಿ ತುಂಬೀರೇನು?" ಎಂದಳು. ಮಂಜುಳಾ ಒಬ್ಬಳೇ ಹೋಳಿಗೆ ಮುಟ್ಟದೆ ಕೂತಿದ್ದಳು.

"ಕಾಕಾ, ಭಾಳ ಖುಷಿ ಪಡಬ್ಯಾಡ್ರಿ. ಕೋರ್ಟು ಕೊಡ್ರಿ ಅಂದಿಲ್ಲ. ಏನರೆ ಒಂದು ಹೇಳ್ರಿ ಅಂದೈತಿ, ಅಷ್ಟ."

"ಇಂಥಾ ಹುಡುಗನ್ ನೋಡಿ ಯಾರವ್ವಾ ಒಲ್ಲೆ ಅಂತಾರ? ಅವರಿಗೂ ಮಕ್ಕಳಿರ್ತಾವು" ಎಂದೆ. ಅವಳ ತಟ್ಟೆಗೆ ತುಪ್ಪ ಸುರಿದೆ.

ಆದೇಶದ ಪ್ರತಿ ತೆಗೆದುಕೊಂಡು ಹೋಗಿ ವರ್ಗಾವಣೆ ನೋಡುವ ಬೇಗಂಪೇಟೆಯ ಈ ಕಚೇರಿಯ ಟಪಾಲು ವಿಭಾಗದಲ್ಲಿ ಕೊಟ್ಟು, ಮುದ್ರೆ ಹಾಕಿಸಿಕೊಂಡು ಬಂದೆ. ಆಮೇಲೆ ಕಾಯುವುದು. ಒಂದು ವಾರ, ಎರಡು ವಾರ, ಮಳೆ ಬಿಡಲಿಲ್ಲ, ಕಚೇರಿಯಿಂದ ಒಂದು ಸೊಲ್ಲೂ ಇಲ್ಲ. ಇವರು ಹೀಗೇ, ಗಡುವಿನ ಕೊನೆಯ ವಾರದವರೆಗೆ ಕೈ ಕಟ್ಟಿ ಕೂರುತ್ತಾರೆ ಎಂದು ಮಂಜುಳಾ ಹೇಳಿದಳು. ಹಾಗೇ ಆಯಿತು. ಬೀದಿಯಲ್ಲಿ ಬತುಕಮ್ಮ ಹಬ್ಬದ ಹೂ ಮಾರಲು ಬಂದ ದಿನಗಳಲ್ಲಿ ಫೋನು ಬಂತು. ಇಂಥ ದಿನ ಅರ್ಜಿದಾರರು ಬರಬೇಕು, ಮಗುವನ್ನೂ ಕರೆತರಬೇಕು, ಸಾಹೇಬರು ಖುದ್ದಾಗಿ ನೋಡುತ್ತಾರೆ.

ಚನ್ನುವಿಗೆ ಅದೇ ಹಬ್ಬವಾಯಿತು. "ಅವ್ವನ ಸಾಹೇಬ್ರಿಗೆ ಕುಂತಲ್ಲೇ ಹಲೋ ಅನ್ನಾಕಾಗ್ತೈತೇನು? ಪೂರಾ ಶರಣು ಮಾಡಬೇಕು" ಎಂದ. ಅಷ್ಟೊತ್ತಿಗೆ ಗುಂಡಿ ಹತ್ತಿಸುವುದೂ ಅವನಿಗೆ ದಿನಕ್ಕೊಮ್ಮೆ ಆದರೆ ಹೆಚ್ಚು ಎನ್ನುವಂತಾಗಿತ್ತು. ಆದರೂ ಬೆಳಿಗ್ಗೆ ಬೆಳಿಗ್ಗೆ ಅಭ್ಯಾಸ. ಮೊಣಕೈಯನ್ನು ಮೇಜಿನ ಅಂಚಿಗೆ ಊರಿದರೆ ಸುಲಭ ಎಂದು ಕಂಡುಕೊಂಡ. ಕೈ ಜೋಡಿದ ದಿನ "ನೋಡಪ್ಪಾ!" ಎಂದು ಕೂಗುತ್ತಿದ್ದ. ನಾನು ಭಲೇ ಮಗನೇ ಎನ್ನುತ್ತಿದ್ದೆ. ಮತ್ತೇನು ಅನ್ನಬೇಕಿತ್ತು? ಬೇಡವೋ, ಸಾಹೇಬರ ಮುಂದೆ ಕೈ ಸತ್ತವನ ಹಾಗೆ ಕೂರು ಎನ್ನಬೇಕಿತ್ತೇ? ಆಮೇಲೆ ಹಾಗೆ ನನಗೆ ಬುದ್ಧಿ ಹೇಳಿದವರು ಬಹಳ ಮಂದಿ. ಅವರಿಗೆಲ್ಲ ಒಂದೇ ಮಾತು ಹೇಳಿದೆ. ನನ್ನ ಮಗನಿಗೆ ನಮ್ಮಪ್ಪ ಹೇಳಿಕೊಟ್ಟದ್ದನ್ನು ಹೇಳಿಕೊಟ್ಟೆ, ಅದರಲ್ಲಿ ನನಗೆ ನಾಚಿಕೆ ಇಲ್ಲ.

ಆ ದಿನ ಬೆಳಿಗ್ಗೆ ಸುಮಂಗಲಾ ರೈಲಿಳಿದು ನೇರ ಬಂದಳು. ಮಗನಿಗೆ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಡಿಸಿದೆವು. ಮೂವರೂ ಆಟೋದಲ್ಲಿ ಬಂದಿಳಿದರೆ ಲಿಫ್ಟಿನ ಬಾಗಿಲಿಗೆ ಹಗ್ಗ ಕಟ್ಟಿತ್ತು. ರಿಪೇರಿ. ಸಾಹೇಬರ ಕೋಣೆ ಎರಡನೆಯ ಮಹಡಿಯಲ್ಲಿ. ಕೆಳಗೆ ಬರಲು ಕೇಳಬಹುದಿತ್ತೇನೋ, ನಮಗೆ ಆ ಧೈರ್ಯ ಎಲ್ಲಿಂದ ಬರಬೇಕು? ಯಾದಯ್ಯ ಎಂಬ ಅಟೆಂಡರು ಗಾಲಿಕುರ್ಚಿಯನ್ನು ಮೆಟ್ಟಿಲ ಕೆಳಗೆ ಇಟ್ಟುಕೊಂಡ. ನಾನು ಚನ್ನುವನ್ನು ಎತ್ತಿಕೊಂಡು ಹತ್ತಿದೆ, ಯಾದಯ್ಯ ಹಿಂದಿನಿಂದ ಕಾಲು ಹಿಡಿದುಕೊಂಡ. ನಡುವಿನ ತಿರುವಿನಲ್ಲಿ ಏದುಸಿರು ಬಂದು, ಮಗನನ್ನು ತೊಡೆಯ ಮೇಲಿಟ್ಟುಕೊಂಡು ಮೆಟ್ಟಿಲ ಮೇಲೆ ಕೂತೆ.

"ಅಪ್ಪಾ, ರೊಟ್ಟಿ ಬುಟ್ಟಿ ಭಾರೋ, ನಾ ಭಾರೋ?"

"ನೀನ ಭಾರ, ಕಳ್ಳ. ಬುಟ್ಟಿ ಏನೂ ಭಾರಿಲ್ಲ."

"ಹಂಗಾರ ದಿನಾ ನನ್ನ ಹೊರು, ರೊಟ್ಟಿ ಅವ್ವ ಹೊರ್ಲಿ" ಎಂದ. ಸುಮಂಗಲಾ ಸೆರಗಿನಿಂದ ಅವನ ಮೂತಿ ಒರೆಸಿ, ಸುಮ್ಮನಿರೋ, ಯಾರಾದರೂ ಕೇಳಿಸಿಕೊಂಡಾರು ಎಂದು ಗದರಿದಳು. ಅವಳ ಮುಖದಲ್ಲಿ ಎಷ್ಟೋ ತಿಂಗಳ ಮೇಲೆ ನಗು ಇತ್ತು.

ಸಾಹೇಬರ ಕೋಣೆಯಲ್ಲಿ ಚನ್ನುವನ್ನು ಮೇಜಿನ ಎದುರಿನ ಕೈಹಿಡಿಕೆಯ ಕುರ್ಚಿಯಲ್ಲಿ ಕೂರಿಸಿದೆವು. ಸಾಹೇಬರು ಫೋನಿನಲ್ಲಿದ್ದರು. ಅವರು ಮಾತು ಮುಗಿಸುವಷ್ಟರಲ್ಲಿ ನನ್ನ ಮಗನ ಬೆರಳು ಗುಂಡಿ ಹಿಡಿದು ಹತ್ತುತ್ತಿದ್ದವು. ಮೇಜು ಎತ್ತರವಿತ್ತು, ಅದರ ಮೇಲೆ ಫೈಲುಗಳ ಸಾಲು, ಅವರಿಗೆ ಅದೇನೂ ಕಾಣಿಸಿರಲಿಕ್ಕಿಲ್ಲ. ಮೊಣಕೈ ಅಂಚಿಗೆ ಊರಿತು. ಕೈ ಮೇಲೆ ಬಂದವು, ಜೋಡಿದವು, ಗದ್ದದವರೆಗೂ ಏರಿದವು. "ಶರಣ್ರೀ ಸರ್" ಎಂದ, ಬೆವತಿದ್ದ ಮುಖ ತುಂಬ ನಗುತ್ತ. ಬೋನಾಲಿನಿಂದ ಈಚೆಗೆ ಅಷ್ಟು ಎತ್ತರಕ್ಕೆ ಅವನ ಕೈ ಎದ್ದದ್ದನ್ನು ನಾನು ನೋಡಿರಲಿಲ್ಲ. ಸುಮಂಗಲಾ ಬಾಯಿಗೆ ಸೆರಗು ಹಿಡಿದುಕೊಂಡಳು. ನನಗೋ, ಎದೆ ಉಬ್ಬಿ ಅಂಗಿಯ ಗುಂಡಿ ಹರಿಯುವುದೊಂದು ಬಾಕಿ.

ಸಾಹೇಬರು ಕೆಟ್ಟವರಲ್ಲ. ತಾವೂ ಎದ್ದು ಕೈ ಮುಗಿದರು. "ಏಂ ಚದುವುತುನ್ನಾವ್ ಬಾಬೂ?" ಎಂದು ಓದಿನ ಬಗ್ಗೆ ಕೇಳಿದರು. ಚನ್ನು ತೆಲುಗಿನಲ್ಲಿ ಪಟಪಟ ಉತ್ತರ ಕೊಟ್ಟ, ಗಣಿತದಲ್ಲಿ ಬಂದ ಅಂಕವನ್ನೂ ಹೇಳಿಕೊಂಡ. ಬಹಳ ಒಳ್ಳೆಯ ಹುಡುಗ, ಚೆನ್ನಾಗಿ ಬೆಳೆಸಿದ್ದೀರಿ ಎಂದು ಸಾಹೇಬರು ಹೊಗಳಿದರು. ಮಗನ ಜೊತೆ ಮನೆಯಲ್ಲಿ ಯಾರಿರುತ್ತಾರೆ ಎಂದು ಕೇಳಿದರು. ನಾನಿರುತ್ತೇನೆ ಸರ್, ಮನೆಯ ಮುಂದೇ ನಮ್ಮ ಖಾನಾವಳಿ ಎಂದೆ. ತಲೆದೂಗಿ ಬರೆದುಕೊಂಡರು. ಸುಮಂಗಲಾ ಕಾಯಿಲೆಯ ಹೆಸರು ಹೇಳಿ, ದಿನದಿನಕ್ಕೆ ಇಳಿಯುತ್ತಿದ್ದಾನೆ ಸರ್ ಎಂದಾಗ, ಸರ್ಟಿಫಿಕೇಟು ಇದೆಯಲ್ಲಮ್ಮ, ನೋಡುತ್ತೇನೆ ಎಂದರು. ಅಷ್ಟೇ. ಹೊರಗೆ ಇನ್ನೂ ಎಷ್ಟೋ ಜನ ಬೆಂಚಿನ ಮೇಲೆ ಕಾಯುತ್ತಿದ್ದರು.

ಕೆಳಗಿಳಿದು ರಸ್ತೆಯ ಮೂಲೆಯ ಇರಾನಿ ಹೋಟೆಲಿಗೆ ಹೋದೆವು. ಸುಮಂಗಲಾ ಬಿಸ್ಕತ್ತನ್ನು ಚಹಾದಲ್ಲಿ ಅದ್ದಿ ಮಗನ ಬಾಯಿಗೆ ಇಡುತ್ತಿದ್ದಳು. ಶರಣು ಮಾಡಿ ಅವನ ಕೈ ಸೋತುಹೋಗಿದ್ದವು, ತೊಡೆಯ ಮೇಲೆ ಬಿದ್ದುಕೊಂಡಿದ್ದವು. "ಅವ್ವಾ, ಸಾಹೇಬ್ರು ಎದ್ದು ಕೈ ಮುಗುದ್ರು ನೋಡು, ಪೂರಾ" ಎಂದು ಹೇಳಿದ್ದನ್ನೇ ಹೇಳಿದ. ದೀಪಾವಳಿಗೆ ಅವ್ವ ಮನೆಯಲ್ಲಿರುತ್ತಾಳೆ, ಆಗ ಏನೇನು ಮಾಡಿಸಿ ತಿನ್ನಬೇಕು ಎಂದು ಇಬ್ಬರೂ ಮಾತಾಡಿಕೊಂಡರು. ನನ್ನ ಜೀವಮಾನದಲ್ಲಿ ಅಷ್ಟು ರುಚಿಯ ಚಹಾ ಕುಡಿದಿಲ್ಲ.

ಗಡುವು ಮುಗಿಯುವ ಹೊತ್ತಿಗೆ ಸರಿಯಾಗಿ ಲಕೋಟೆ ಬಂತು. ಮಧ್ಯಾಹ್ನದ ಊಟದ ಗದ್ದಲ ಇಳಿದಿತ್ತು. ಇಂಗ್ಲಿಷು ಚನ್ನುವಿಗೆ ಬರುತ್ತಿತ್ತು, ನನಗೆ ಅಷ್ಟಕ್ಕಷ್ಟೆ. ಹಾಳೆಯನ್ನು ಗಲ್ಲಾದ ಮೇಲೆ ಹರಡಿ, ಹಾರದ ಹಾಗೆ ಉಪ್ಪಿನಕಾಯಿ ಭರಣಿ ಇಟ್ಟು, "ಓದೋ ಮಾಲೀಕ" ಎಂದೆ. ಅವನು ಓದಿ ಓದಿ ಕನ್ನಡದಲ್ಲಿ ಹೇಳತೊಡಗಿದ. ಕೋರ್ಟಿನ ಆದೇಶದಂತೆ ಅರ್ಜಿಯನ್ನು ಪರಿಗಣಿಸಲಾಗಿದೆ. ಮಗುವನ್ನು ಖುದ್ದಾಗಿ ನೋಡಲಾಗಿದೆ. ಮಗು ಸಾಮಾನ್ಯ ಕುರ್ಚಿಯಲ್ಲಿ ಕುಳಿತಿತ್ತು. ಚುರುಕಾಗಿ ಉತ್ತರಿಸಿತು. ಎರಡೂ ಕೈಗಳನ್ನು ಎತ್ತಿ ನಮಸ್ಕರಿಸಿತು. ಅಲ್ಲಿಗೆ ಅವನ ದನಿ ಸಣ್ಣದಾಯಿತು. ತಂದೆ ಮನೆಯಲ್ಲೇ ಇದ್ದು ನೋಡಿಕೊಳ್ಳಬಲ್ಲರು. ಆದ್ದರಿಂದ ತಾಯಿ ಹತ್ತಿರವೇ ಇರಬೇಕಾದ ಅಗತ್ಯ ಕಂಡುಬರುವುದಿಲ್ಲ, ಅರ್ಜಿಯನ್ನು ತಿರಸ್ಕರಿಸಲಾಗಿದೆ.

ಒಳಗೆ ಯಾರೋ ನೀರು ಕೇಳುತ್ತಿದ್ದರು. ಚನ್ನು ಹಾಳೆಯಿಂದ ತಲೆ ಎತ್ತಲಿಲ್ಲ.

"ಅಪ್ಪಾ, ನಾ ಶರಣು ಮಾಡಬಾರದಾಗಿತ್ತೇನು?"

"ಹುಚ್ಚ, ಹಂಗೆಲ್ಲ ಅನಬ್ಯಾಡ. ನೀ ಮಾಡಿದ್ದ ಬರೋಬ್ಬರಿ ಐತಿ" ಎಂದೆ. ಅವನ ತಲೆಯನ್ನು ಎದೆಗೆ ಒತ್ತಿಕೊಂಡೆ, ನನ್ನ ಕೈಯ ಹಿಟ್ಟು ಅವನ ಕೂದಲಿಗೆಲ್ಲ ಮೆತ್ತಿತು. ರಾತ್ರಿ ಫೋನು ಮಾಡಿದಾಗ ಸುಮಂಗಲಾ ಅಳಲಿಲ್ಲ. "ಅವನಿಗೆ ಓದಾಕ ಯಾಕ ಕೊಟ್ರಿ?" ಎಂದು ಮಾತ್ರ ಕೇಳಿದಳು. ಕಪಾಟಿನ ಮಾತು ಅವಳೂ ಎತ್ತಲಿಲ್ಲ, ನಾನೂ ಎತ್ತಲಿಲ್ಲ.

ಮಂಜುಳಾ ಮತ್ತೆ ಕೋರ್ಟಿಗೆ ಓಡಿದಳು. ಕಚೇರಿಯವರು, ಕೋರ್ಟು ತೀರ್ಮಾನ ಮಾಡಿ ಅಂದಿತ್ತು, ಮಾಡಿದ್ದೇವೆ ಅಂದರು. ಆ ಮಾತು ಸುಳ್ಳಲ್ಲವಲ್ಲ. ಹೊಸ ಅರ್ಜಿ, ಹೊಸ ಸರ್ಟಿಫಿಕೇಟು, ಹೊಸ ಕೇಸು, ಮತ್ತೆ ಸರದಿ. ಪಾಪದ ಹುಡುಗಿ, ಬಂದಾಗಲೆಲ್ಲ ತಲೆ ತಗ್ಗಿಸಿ ಉಣ್ಣುತ್ತಿದ್ದಳು. "ಸಾಮಾನ್ಯ ಕುರ್ಚಿ ಅಂದ್ರ ಏನ್ ಕಾಕಾ, ಲಿಫ್ಟ್ ಕೆಟ್ಟಿದ್ದನ್ನ ಯಾಕ ಬರ್ದಿಲ್ಲ ಅವರು?" ಎಂದು ಒಂದು ದಿನ ಊಟದ ನಡುವೆ ಅತ್ತೇಬಿಟ್ಟಳು.

ಚನ್ನು ಮತ್ತೆ ಶರಣು ಮಾಡಲಿಲ್ಲ. ಗಲ್ಲಾದ ಮೇಲೆ ಕೂರುತ್ತಿದ್ದ, ಲೆಕ್ಕ ಹೇಳುತ್ತಿದ್ದ, ಬಂದವರನ್ನು ನೋಡಿ ನಗುತ್ತಿದ್ದ. ಬೆರಳು ಗುಂಡಿಯ ಕಡೆಗೆ ಹೋಗಲಿಲ್ಲ. ಕೈಲಾಗಲಿಲ್ಲವೋ, ತಾನೇ ಒಲ್ಲೆ ಅಂದುಕೊಂಡನೋ, ನನಗೆ ಇವತ್ತಿಗೂ ಗೊತ್ತಿಲ್ಲ. ಕೇಳುವ ಧೈರ್ಯ ಆಗಲಿಲ್ಲ. ಗಿರಾಕಿಗಳೇ ಬಾಗಿಲಲ್ಲಿ ನಿಂತು ಮೊದಲು ಕೈ ಮುಗಿದು ಒಳಗೆ ಬರುವುದು ರೂಢಿಯಾಯಿತು. ಅದೂ ಅವನಿಗೆ ಹಿಡಿಸುತ್ತಿರಲಿಲ್ಲ. "ನೀವ್ಯಾಕ ಮಾಡ್ತೀರಿ, ಕುಂಡ್ರಿ" ಎನ್ನುತ್ತಿದ್ದ.

ಮರು ಬೇಸಿಗೆಗೆ ಉಸಿರಿನ ತೊಂದರೆ ಶುರುವಾಯಿತು. ಸುಮಂಗಲಾ ಸಂಬಳವಿಲ್ಲದ ರಜೆ ಹಾಕಿ ಬಂದಳು. ಕೊನೆಯ ತಿಂಗಳು ಪೂರ್ತಿ ಮಗನ ಪಕ್ಕದಲ್ಲೇ ಇದ್ದಳು, ಅದೊಂದು ದೇವರು ನಡೆಸಿಕೊಟ್ಟ. ಎಣ್ಣೆ ಹಚ್ಚಿ, ಕೈ ಮಡಿಸಿ ಬಿಡಿಸಿ, ಮೊದಲಿನ ಹಾಗೆಯೇ ಇಬ್ಬರೂ ಬೈದಾಡಿಕೊಂಡರು. ಒಂದು ಸಂಜೆ ಅವಳು ಅವನ ಎರಡೂ ಅಂಗೈ ಸೇರಿಸಿ ಉಜ್ಜುತ್ತಿದ್ದಳು. ಅವು ಜೋಡಿಕೊಂಡಿದ್ದನ್ನು ನೋಡಿ ಚನ್ನು, "ಅವ್ವಾ, ಹಂಗ ಹಿಡಿ, ಬಿಡಬ್ಯಾಡ" ಎಂದ. ಅವಳು ಹಿಡಿದುಕೊಂಡಳು. "ನಿನಗ ಮಾಡೀನಿ ನೋಡು" ಎಂದ. ಮುಂಗಾರಿನ ಮೊದಲ ಮಳೆ ಬಿದ್ದ ವಾರದಲ್ಲಿ ನಮ್ಮ ಹುಡುಗ ಹೋದ.

ಅದಾಗಿ ಎಷ್ಟೋ ದಿನದ ಮೇಲೆ ಎರಡನೆಯ ಕೇಸಿನ ಆದೇಶ ಬಂತಂತೆ. ಮತ್ತೆ ಅದೇ ಮಾತು. ಅರ್ಜಿಯನ್ನು ಪುನಃ ಪರಿಗಣಿಸಿ ತೀರ್ಮಾನ ತಿಳಿಸಿ. ಹಿಂದೆಯೇ ಕಚೇರಿಯಿಂದ ನೋಟಿಸು ಬಂತು. ಇಂಥ ದಿನ ಅರ್ಜಿದಾರರು ಮಗುವಿನೊಂದಿಗೆ ಹಾಜರಾಗತಕ್ಕದ್ದು. ಈ ಸಲ ನಾನೇ ಅಕ್ಷರ ಅಕ್ಷರ ಕೂಡಿಸಿ ಓದಿಕೊಂಡೆ. ಸುಮಂಗಲಾ ನನ್ನ ಕೈಯಿಂದ ಹಾಳೆ ತೆಗೆದುಕೊಂಡಳು. ಗಲ್ಲಾದ ಮೇಲೆ ಕೂತು ಉತ್ತರ ಬರೆದಳು. ಮಗು ಇಲ್ಲ, ಅರ್ಜಿಯನ್ನು ಹಿಂದಕ್ಕೆ ಪಡೆಯುತ್ತೇನೆ.

"ಹಂಗ್ಯಾಕ ಬರದಿ? ಕೊಟ್ರ ಕೊಡ್ಲಿ, ನೀ ಬಾ" ಎಂದೆ. ಮಗ ಹೋದ ಮೇಲೆ ನನಗೂ ಮನೆಯಲ್ಲಿ ಒಬ್ಬರು ಬೇಕಿತ್ತು. ಅದನ್ನು ಬಾಯಿಬಿಟ್ಟು ಹೇಳಿಯೂ ಹೇಳಿದೆ.

"ಯಾವ ಮಾರಿ ಇಟ್ಕೊಂಡು ಬರ್ಲಿ ರೀ? ಅವನಿದ್ದಾಗ ಬರಾಕ ಬಿಡ್ಲಿಲ್ಲ. ಈಗ ಬಂದು ಆ ಗಲ್ಲಾ ನೋಡ್ಕೋಂತ ಹೆಂಗ ಕುಂಡ್ರಲಿ? ಅಲ್ಲಿ ಮಂದಿ ಮಕ್ಕಳ ಕೈಕಾಲು ನೋಡ್ತೀನಿ. ಅಲ್ಲೇ ಇರ್ತೀನಿ." ಅವಳು ಇನ್ನೂ ಗೋದಾವರಿ ಆಚೆಯೇ ಇದ್ದಾಳೆ. ಹದಿನೈದು ದಿನಕ್ಕೊಮ್ಮೆ ಬರುತ್ತಾಳೆ, ಒಂದು ರಾತ್ರಿ ಇರುತ್ತಾಳೆ, ಹಿಂದಿನ ಬಾಗಿಲಿನಿಂದಲೇ ಬಂದು ಹಿಂದಿನ ಬಾಗಿಲಿನಿಂದಲೇ ಹೋಗುತ್ತಾಳೆ. ಗಲ್ಲಾದ ಮೇಲೆ ಈಗ ನಾನೇ ಕೂರುತ್ತೇನೆ. ಬಂದವರಿಗೆ ಎರಡೂ ಕೈ ಎತ್ತಿ ಶರಣು ಅನ್ನುತ್ತೇನೆ, ನಮ್ಮಪ್ಪನ ಕಟ್ಟು ಬಿಟ್ಟಿಲ್ಲ. ಕೈ ಎತ್ತುವಾಗ ಮಾತ್ರ ಬೆರಳು ಅಂಗಿಯ ಗುಂಡಿಗೆ ತಾಗುತ್ತದೆ.

ಕಳೆದ ತಿಂಗಳು ಆ ಲಿಫ್ಟಿನ ಮುಂದೆ ಎಷ್ಟು ಹೊತ್ತು ನಿಂತಿದ್ದೆನೋ. "ನಮಸ್ತೇ ಸಾರ್" ಎಂದು ಪಕ್ಕದಲ್ಲಿ ದನಿ ಕೇಳಿತು. ಯಾದಯ್ಯ. ಕೂದಲು ಬೆಳ್ಳಗಾಗಿತ್ತು, ಗುರುತು ಹಿಡಿದಿದ್ದ. ಎರಡೂ ಕೈ ಮುಗಿದು ನಿಂತಿದ್ದ. ನನ್ನ ಎರಡೂ ಕೈಯಲ್ಲಿ ಬುಟ್ಟಿ ಇತ್ತು.

"ಬಾಬು ಎಲಾ ಉನ್ನಾಡು ಸಾರ್?" ಮಗ ಹೇಗಿದ್ದಾನೆ ಎಂದು ಕೇಳಿದ.

"ಲೇಡಯ್ಯಾ" ಎಂದೆ. ಇಲ್ಲಪ್ಪಾ.

ಅವನ ಕೈ ಬಿಡಿಸಿಕೊಳ್ಳಲಿಲ್ಲ, ಹಾಗೇ ಮುಗಿದುಕೊಂಡೇ ಕೆಳಗಿಳಿದವು. ಲಿಫ್ಟ್ ಇದೆ ಸಾರ್, ಹತ್ತಿ ಎಂದು ಬಾಗಿಲು ಹಿಡಿದು ನಿಂತ. ನಾನು ಬೇಡವೆಂದು ತಲೆ ಅಲ್ಲಾಡಿಸಿ ಮೆಟ್ಟಿಲ ಕಡೆ ತಿರುಗಿದೆ. ಅವನು ಹಿಂದೆ ಬಂದು, ಬುಟ್ಟಿಯ ಆ ಕಡೆಯ ಅಂಚಿಗೆ ಕೈ ಕೊಟ್ಟ. ನಡುವಿನ ತಿರುವು ಬಂದಾಗ ನಾನು ನಿಂತೆ. ಅವನಿಗೂ ನೆನಪಿತ್ತು, ಕೈ ಬಿಟ್ಟು ದೂರ ಸರಿದ. ಅದೇ ಮೆಟ್ಟಿಲ ಮೇಲೆ ಕೂತು ಬುಟ್ಟಿಯನ್ನು ತೊಡೆಯ ಮೇಲಿಟ್ಟುಕೊಂಡೆ. ರೊಟ್ಟಿ ಇನ್ನೂ ಬಿಸಿ ಇದ್ದವು. ಬಟ್ಟೆ ದಾಟಿ ಆ ಬಿಸಿ ತೊಡೆಗೆ ತಾಗುತ್ತಿತ್ತು. ಅಳು ಬಂತು, ಅತ್ತೆ, ಯಾರು ನೋಡಿದರೇನು.

ಮೇಲಿನಿಂದ ಯಾರೋ ಊಟ ಬಂತಾ ಎಂದು ಕೂಗಿದರು. ಬುಟ್ಟಿ ಎತ್ತಿಕೊಂಡು ಎದ್ದೆ. ಚನ್ನುವಿಗೆ ನಾನು ಅವತ್ತು ನಿಜವನ್ನೇ ಹೇಳಿದ್ದೆ. ಬುಟ್ಟಿ ಏನೂ ಭಾರವಿರಲಿಲ್ಲ.